ಅರವತ್ತು ಮನೆಯ ಬಲೆ

ನಾನು ಹುಟ್ಟಿದ್ದು ಒಂದೇ ಮಳೆಗಾಲದಲ್ಲಿ, ಅರವತ್ತು ಮನೆಗಳಲ್ಲಿ. ದೇವಾನುದೇವತೆಗಳಿಗೂ ಒಬ್ಬಳೇ ತಾಯಿ. ನನಗೆ ಅರವತ್ತು ತಾಯಂದಿರು. ನಾನು ರಂಪಣಿ ಬಲೆ. ದೋಣಿಯಲ್ಲಿ ಹೋಗಿ ಕಡಲನ್ನು ಸುತ್ತುವರಿದು, ಎರಡು ತುದಿ ಹಿಡಿದು ದಡಕ್ಕೆ ಎಳೆಯುತ್ತಾರಲ್ಲ, ಆ ಬಲೆಗಳ ಚಕ್ರವರ್ತಿ. ನನ್ನ ಉದ್ದವನ್ನು ಕೇಳಬೇಡಿ. ಬಡಗಣ ತುದಿಯವನು ಸೀನಿದರೆ, ತೆಂಕಣ ತುದಿಯವನು ಅದನ್ನು ಕೇಳಿ ‘ಚಿರಂಜೀವಿ’ ಎನ್ನುವಷ್ಟರಲ್ಲಿ ಸೀನಿದವನ ನೆಗಡಿ ವಾಸಿಯಾಗಿ, ಮದುವೆಯೂ ಆಗಿ, ಮಗುವಿಗೆ ಹಲ್ಲು ಬಂದಿರುತ್ತಿತ್ತು. ತಿಮಿಂಗಿಲಗಳು ನನ್ನ ಹೆಸರು ಹೇಳಿ ಮರಿಗಳನ್ನು ಮಲಗಿಸುತ್ತಿದ್ದವು.

ಕುಂದಾಪುರದ ಕಡೆಯ ಆ ಕಡಲತಡಿಯಲ್ಲಿ ಮಳೆಗಾಲಕ್ಕೆ ದೋಣಿ ಇಳಿಯುವುದಿಲ್ಲ. ಆಗ ಮೊಗವೀರರ ಜಗಲಿ ಜಗಲಿಯಲ್ಲೂ ಒಂದೊಂದು ತುಂಡು ಬಲೆ ಹೆಣೆಯುತ್ತಿದ್ದರು. ಮಳೆ ಬಿಟ್ಟ ಮೇಲೆ ತುಂಡುಗಳೆಲ್ಲ ಮೆರವಣಿಗೆಯಲ್ಲಿ ದಡಕ್ಕೆ ಬಂದವು. ಬಲೆಯ ಯಜಮಾನಿಕೆ ಹೊತ್ತ ಶೀನ ಮರಕಾಲ ತುಂಡಿಗೆ ತುಂಡು ಹೊಲಿದು ನನ್ನನ್ನು ಒಂದು ಮಾಡಿದ.

ತುಂಡು ಕೊಟ್ಟ ಮನೆಗೆ ಮೀನಿನ ಪಾಲು ಹೋಗಲೇಬೇಕು. ಆ ಮನೆಯವನು ಎಳೆಯಲು ಬಂದನೋ, ಜ್ವರ ಬಂದು ಮಲಗಿದನೋ ಕೇಳುವಂತಿಲ್ಲ. ಅದಲ್ಲದೆ, ಎಳೆಯುವ ಹೊತ್ತಿಗೆ ಬಂದು ಹಗ್ಗ ಮುಟ್ಟಿದವರಿಗೆಲ್ಲ ಒಂದು ಸಾರಿಗಾಗುವಷ್ಟು ಮೀನು. ಮುಟ್ಟಿದರೆ ಸಾಕು, ಎಳೆಯಲೇಬೇಕೆಂದಿಲ್ಲ. ಶಾಲೆಯ ಭಟ್ಟ ಮೇಷ್ಟ್ರು ಒಮ್ಮೆ ಮೈಮರೆತು ಹಗ್ಗ ಹಿಡಿದುಬಿಟ್ಟರು. ಆಮೇಲೆ ತಮ್ಮ ಪಾಲಿನ ಬಂಗುಡೆಗಳ ಬಾಲವನ್ನು ಎರಡು ಬೆರಳಲ್ಲಿ ಹಿಡಿದು, ಮೂಗು ಮುಚ್ಚಿಕೊಂಡು, ತೆಗೆದುಕೊಳ್ಳುವವರನ್ನು ಹುಡುಕುತ್ತಾ ಊರು ಸುತ್ತಿದರು. ಬೆಕ್ಕುಗಳ ದಿಬ್ಬಣವೇ ಅವರ ಹಿಂದೆ ಹೊರಟಿತ್ತು.

ಈ ನಗೆಯ ನಡುವೆ ಒಂದು ದಿನ, ಆ ಅರವತ್ತರಲ್ಲೊಂದು ಮನೆಯ ಕುಷ್ಟ ಹೋದ. ನನ್ನನ್ನು ಕಡಲಿಗೆ ಇಳಿಸುವಾಗ ದೋಣಿಯಿಂದ ಬಿದ್ದವನು ಮತ್ತೆ ಏಳಲಿಲ್ಲ. ಅವನ ಹೆಂಡತಿ ಅಕ್ಕಣಿ, ಸೂತಕ ಕಳೆದ ಮಾರನೆಯ ದಿನ, ಮಗಳು ಜಲಜಳ ಕೈಹಿಡಿದುಕೊಂಡು ಬಲೆ ಚಪ್ಪರಕ್ಕೆ ಬಂದಳು.

“ಶೀನ್ ಮಾವ, ಎಳುಕೆ ನಮ್ಮನಿಯಗ್ ಗಂಡ್ಸ್ ಇಲ್ಲೆ. ತುಂಡ್ ಬಿಡ್ಸಿ ಕೊಡಿ.”

ಶೀನ ಮರಕಾಲ ಎಲೆಯಡಿಕೆ ಉಗುಳಿ ಬಂದ. “ಮಳ್ಳ್ ಹೆಣ್ಣೇ, ಕುಷ್ಟ ಇಪ್ಪುದ್ ಕಡಲಗೇ ಅಲ್ದಾ? ಅವ ಒಳಗಿಂದ ದೂಡುದ್, ನಾವ್ ಹೊರಗಿಂದ ಎಳುದ್. ಪಾಲ್ ಎಲ್ಲಿಗ್ ಹೋತ್ತ್?”

ಅಂದೇ ಆ ತುಂಡನ್ನು ಅಂಚಿನಿಂದ ಬಿಡಿಸಿ ನನ್ನ ನಟ್ಟನಡು ಹೊಟ್ಟೆಗೆ ಹೊಲಿದ. ಕಡಲು ನುಂಗಿದವನ ತುಂಡು ಹೊಟ್ಟೆಗೆ ಸೇರಬೇಕು, ಅವನ ಮನೆಗೆ ಮೊದಲ ಬುಟ್ಟಿ ಹೋಗಬೇಕು ಎಂಬುದು ನಮ್ಮ ದಡದ ಕಟ್ಟಳೆ. ಅಕ್ಕಣಿ ಆ ಮೀನನ್ನು ಬುಟ್ಟಿಯಲ್ಲಿ ಹೊತ್ತು ಮಾರುತ್ತಿದ್ದಳು, ಮಗು ಜಲಜ ಶಾಲೆಗೆ ಹೋಗುತ್ತಿತ್ತು. ಅಕ್ಕಣಿಗೆ ಇದ್ದದ್ದು ಒಂದೇ ಹಟ. ಕಂಡಕಂಡವರೊಡನೆ ಹೇಳುತ್ತಿದ್ದಳು: “ನನ್ನ್ ತಲಿ ಮೇಲಿನ್ ಬುಟ್ಟಿ ಮಗಳ್ ತಲಿಗ್ ಹೋಪುಕಾಗ.”

ಹೋಗುವುದಿಲ್ಲ ಬಿಡು, ನಾನಿಲ್ಲವೇ ಎಂದುಕೊಂಡೆ. ನಾನು ಸಾಮಾನ್ಯವೇ? ಒಂದು ವರ್ಷ ಗರಗಸದ ಮೂತಿಯ ಮೀನೊಂದು, ಗುಡ್ಡದಷ್ಟು ದೊಡ್ಡದು, ನನ್ನ ಹೊಟ್ಟೆಯನ್ನು ಸೀಳಿಕೊಂಡು ಹೋಯಿತು. ಒಂದೇ ಮನೆಯ ಬಲೆಯಾಗಿದ್ದರೆ ಆ ಮನೆ ಅಂದೇ ಮುಳುಗುತ್ತಿತ್ತು. ಅರವತ್ತು ಮನೆಯವರು ಸಾಲಾಗಿ ಕುಳಿತರು, ಒಬ್ಬೊಬ್ಬರು ಒಂದೊಂದು ಗೇಣು ಹೆಣೆದರು, ಹರಟೆ ಮುಗಿಯುವ ಮೊದಲೇ ಗಾಯ ಮಾಯಿತು. ಆ ಮೀನು ಮನೆ ಮುಟ್ಟಿ ಹೆಂಡತಿಯ ಮುಂದೆ ಜಂಬ ಕೊಚ್ಚುವಷ್ಟರಲ್ಲಿ ನಾನು ಅದರ ಭಾವಮೈದುನನನ್ನು ಹಿಡಿದಿದ್ದೆ.

ಆಮೇಲೆ ಜೀಪು ಬಂತು. ಜೀಪಿನಿಂದ ಇಳಿದ ಸಾಹೇಬರು ಮರಳಿನ ಮೇಲೆ ಕುರ್ಚಿ ಹಾಕಿಸಿಕೊಂಡು, ಕುರ್ಚಿ ಹೂತುಹೋಗುತ್ತಿದ್ದರೂ ಲೆಕ್ಕಿಸದೆ, ಅಭಿವೃದ್ಧಿಯ ಮಾತಾಡಿದರು. ಇಂಜಿನ್ ಬೋಟು, ಸರಕಾರದ ಸಹಾಯ, ಆಳಕಡಲಿನ ಮೀನು. ಎಲ್ಲರಿಗಿಂತ ಮೊದಲು ಎದ್ದು ನಿಂತವನು ತೇಜ, ತೀರಿಹೋದ ಕುಷ್ಟನ ತಮ್ಮ.

“ಮಾವ, ಇಡೀ ದಿನ ಎಳ್ದ್ ಅರವತ್ತ್ ಪಾಲ್ ಮಾಡುಕೆ ಇದೆಂತ ಮದಿ ಮನಿ ಊಟವಾ?” ಎಂದು ಶೀನ ಮರಕಾಲನನ್ನು ಕೆಣಕಿದ.

“ಊಟವೇ ಮಗಾ. ನಾಳೆ ನೀ ಕಾಲ್ ಮುರ್ಕಂಡ್ ಬಿದ್ರೆ ಬೋಟ್ ಬಂದ್ ನಿಂಗ್ ಗಂಜಿ ಕಾಸತ್ತಾ?”

“ಬೋಟ್ ಇಪ್ಪ ಹೊತ್ತಿಗೆ ಗಂಜಿ ಎಂತಕೆ ಮಾವ? ಬಿರಿಯಾನಿ!”

ದಡವೆಲ್ಲ ನಕ್ಕಿತು. ಗಾಳಿ ಬೀಸಿದಾಗ ನಾನೂ ನಕ್ಕೆ. ನನ್ನೆದುರು ಬೋಟು ಯಾವ ಲೆಕ್ಕ?

ಲೆಕ್ಕ ಬೇರೆಯೇ ಆಯಿತು. ಇದನ್ನು ಹೇಳುವಾಗ ನನ್ನ ಗಂಟುಗಳೆಲ್ಲ ಬಿಗಿಯುತ್ತವೆ, ಆದರೂ ಹೇಳಬೇಕು. ತೇಜ ಮತ್ತು ಅವನ ಜೊತೆಯವರ ಬೋಟು ಒಂದು ಬೆಳಗ್ಗೆ ತಂದಷ್ಟು ಮೀನನ್ನು ನಾನು ತಿಂಗಳಲ್ಲೂ ತಂದಿರಲಿಲ್ಲ. ಸೋಗೆ ಮಾಡುಗಳು ಹೆಂಚಿನ ಸೂರುಗಳಾದವು, ರೇಡಿಯೋ ಹಾಡಿತು. ಸಾಹೇಬರು ಮತ್ತೆ ಬಂದು, ಊರು ಉದ್ಧಾರವಾಯಿತು ಎಂದರು. ಸುಳ್ಳಲ್ಲ. ಊರಿಗೆ ಮೀನು ಹೆಚ್ಚು ಬಂತು. ಊರಿನ ಎಷ್ಟೋ ಮನೆಗಳಿಗೆ ಬರಲಿಲ್ಲ.

ಮೀನನ್ನು ಹೊರಗಡಲಿನಲ್ಲೇ ಬೋಟುಗಳು ಬಾಚಿದ ಮೇಲೆ ದಡಕ್ಕೆ ಬರುವುದಾದರೂ ಏನು? ಹೊತ್ತು ಮೂಡಿದಾಗಿನಿಂದ ಎಳೆದರೂ ನನ್ನ ಹೊಟ್ಟೆಯಲ್ಲಿ ಲೋಳೆ, ಕಸ, ಯಾರದೋ ಒಂದು ಚಪ್ಪಲಿ. ಒಬ್ಬೊಬ್ಬರಾಗಿ ಬಂದು ತಮ್ಮ ತಮ್ಮ ತುಂಡು ಕೇಳಿದರು. ಹೊಲಿದ ಶೀನ ಮರಕಾಲನೇ ಚೂರಿ ಹಿಡಿದು ಹೊಲಿಗೆ ಬಿಚ್ಚಿದ. ಒಂದು ತುಂಡು ಸೌತೆ ಬೇಲಿಗೆ ಹೋಯಿತು, ಒಂದು ಕೋಳಿಗೂಡಿಗೆ, ಒಂದು ಬೈಹುಲ್ಲು ಹೊರಲು. ಕೊನೆಗೆ ಚಪ್ಪರದಲ್ಲಿ ಉಳಿದದ್ದು ನಡುವಿನ ತುಂಡು ಮಾತ್ರ, ಅಕ್ಕಣಿಯದು. ಈಗ ಅದೇ ನಾನು.

ಅಕ್ಕಣಿ ತುಂಡು ಕೇಳಲು ಬರಲಿಲ್ಲ. ಬಂದರಿಗೆ ಹೋದಳು. ನಾನು ಅಲ್ಲಿರಲಿಲ್ಲ, ಬಂದರಿನ ಕಾಗೆಗಳು ಬಂದು ಹೇಳಿದ್ದು. ಅವು ನನಗಿಂತ ಸುಳ್ಳುಬುರುಕ ಜಾತಿ. ಆದರೆ ಆ ದಿನ ಕಾಗೆಗಳೂ ಮೆಲ್ಲಗೆ ಮಾತಾಡಿದವು.

ತೇಜನ ಬೋಟು ಮೀನು ತುಂಬಿಕೊಂಡು ಬಂದು ಬಂದರಿನ ಕಲ್ಲುಕಟ್ಟೆಗೆ, ಅದೇ ಧಕ್ಕೆಗೆ, ತಾಗಿ ನಿಂತಿತ್ತು. ಅದನ್ನು ಕಟ್ಟಿದ್ದ ದಪ್ಪ ಹಗ್ಗವನ್ನು ಅಕ್ಕಣಿ ಒಂದು ಕೈಯಿಂದ ಮುಟ್ಟಿ ನಿಂತಳು. ಇನ್ನೊಂದು ಕೈಯಲ್ಲಿ ಸೆರಗು ಒಡ್ಡಿ ಕಾದಳು.

“ಹ್ವಾಯ್ ಅಕ್ಕಣಕ್ಕ, ಅದ್ ಬೋಟ್ ಕಟ್ಟು ಹಗ್ಗ ಮಾರಾಯ್ತಿ! ಎಳ್ದ್ರೆ ಬೋಟೇ ಮನಿಗ್ ಬತ್ತ್ ಕಾಣ್!” ಎಂದು ಮೇಲಿನಿಂದ ಒಬ್ಬ ಕೂಗಿದ. ಧಕ್ಕೆಯಲ್ಲಿದ್ದವರೆಲ್ಲ ಹೊಟ್ಟೆ ಹಿಡಿದು ನಕ್ಕರು. ಅವಳು ಕೈ ಬಿಡಲಿಲ್ಲ. ತೇಜ ಮುಖ ಕೆಂಪಗೆ ಮಾಡಿಕೊಂಡು ಇಳಿದು ಬಂದು, ಅವಳ ಸೆರಗಿಗೆ ನಾಲ್ಕು ಬಂಗುಡೆ ಹಾಕಿದ.

“ತಕಂಡ್ ಹೋಯ್ನಿ ಅತ್ಗಿ. ಎಲ್ಲರ್ ಎದ್ರಿಗ್ ಹೀಂಗೆಲ್ಲ ಮಾಡ್ಬೇಡಿ.”

ಅಕ್ಕಣಿ ಆ ಮೀನುಗಳನ್ನು ಒಂದೊಂದಾಗಿ ಕಲ್ಲಿನ ಮೇಲೆ ಇಟ್ಟಳು. “ನಾ ಬೇಡುಕ್ ಬಂದದ್ದಲ್ಲ ತೇಜ. ಪಾಲಿಗ್ ಬಂದದ್ದ್.”

ಅಂದು ಸಂಜೆ ತಾಯಿ ಮಗಳು ನನ್ನ ಎರಡು ತುದಿ ಹಿಡಿದು ಮನೆಗೆ ಒಯ್ದರು. ಹಿತ್ತಲಿನ ಬಸಳೆ ಚಪ್ಪರಕ್ಕೆ ನನ್ನನ್ನು ಹೊದಿಸಿದರು. ತಿಮಿಂಗಿಲಗಳನ್ನು ಹೆದರಿಸಿದ ನನ್ನ ಮೇಲೆ ಬಸಳೆ ಬಳ್ಳಿ ಹತ್ತಿತು. ಅಕ್ಕಣಿ ಬಂದರಿನಲ್ಲಿ ಮೀನು ಆರಿಸಿ ಹೊರುವ ಕೂಲಿಗೆ ಸೇರಿದಳು. ಹೋದ ದಿನ ಅನ್ನ, ಹೋಗದ ದಿನ ಇಲ್ಲ. ಆದರೂ ಜಲಜ ನೀಲಿ ಲಂಗ ತೊಟ್ಟು ಶಾಲೆಗೆ ಹೋಗುತ್ತಲೇ ಇತ್ತು.

ದೀಪಾವಳಿ ಕಳೆದು ಅಕ್ಕಣಿಗೆ ಜ್ವರ ಬಂತು. ಹಿಂದೆಲ್ಲ ಅವಳು ಮಲಗಿದರೆ ಕಷಾಯಕ್ಕಿಂತ ಮೊದಲು ಮೀನಿನ ಬುಟ್ಟಿ ಬಾಗಿಲಿಗೆ ಬರುತ್ತಿತ್ತು. ನಾನು ಚಪ್ಪರದ ಮೇಲಿಂದ ದಾರಿ ಕಾದೆ. ಬೆಳಿಗ್ಗೆ ಕಾದೆ, ಸಂಜೆಯೂ ಕಾದೆ. ಬಂದವನು ತೇಜ ಒಬ್ಬನೇ, ಒಂದು ಪೊಟ್ಟಣ ಬ್ರೆಡ್ ಹಿಡಿದುಕೊಂಡು. ಹೊಸ್ತಿಲಲ್ಲಿ ಕುಳಿತು ನೆಲ ನೋಡಿದ.

“ಬೋಟಿಂದ್ ಇಂಜಿನ್ ಕೆಟ್ಟ್ ಕೂಕಂಡಿತ್ ಅತ್ಗಿ. ಜೊತಿಯವ್ರ್ ಬಿಟ್ಟ್ ಹೋದ್ರ್. ನಂಗೇ ಕೇಂಬವ್ರ್ ಯಾರೂ ಇಲ್ಲೆ.”

ಅವನ ದನಿ ಕುಷ್ಟನ ದನಿಯಂತೆಯೇ ಇತ್ತು. ಅವನ ಮೇಲೆ ಸಿಟ್ಟು ಮಾಡಲು ನನಗೆ ಆಗಲಿಲ್ಲ. ಅಕ್ಕಣಿ ಬ್ರೆಡ್ಡಿನಲ್ಲಿ ಅರ್ಧ ಮುರಿದು ಅವನಿಗೇ ಕೊಟ್ಟಳು.

ಮರುದಿನ ಜಲಜ ನೀಲಿ ಲಂಗವನ್ನು ಒಗೆದು, ಮಡಚಿ, ಒಳಗಿಟ್ಟಿತು. ತಾಯಿಯ ಸೀರೆಯನ್ನು ಎತ್ತಿ ಕಟ್ಟಿಕೊಂಡು, ಅವಳ ಬದಲು ಬಂದರಿಗೆ ಹೋಗಲು ಬುಟ್ಟಿ ತೆಗೆದುಕೊಂಡಿತು. ಒಳಗಿನಿಂದ ಅಕ್ಕಣಿ, “ಬ್ಯಾಡ ಹೆಣ್ಣೇ, ಬುಟ್ಟಿ ಮುಟ್ಬೇಡ” ಎಂದು ನರಳಿದಳು.

“ನಾಕೇ ದಿನ ಅಬ್ಬಿ. ನಿಂಗ್ ಗುಣ ಆರೆ ನಾ ಮತ್ತೆ ಶಾಲಿಗ್ ಹೋತೆ.”

ಹಿತ್ತಲಿನ ದಾರಿಯಲ್ಲಿ ಚಪ್ಪರದ ಪಕ್ಕ ಹಾಯುವಾಗ, ಉದ್ದವಾಗಿ ಜೋಲುತ್ತಿದ್ದ ಆ ಸೀರೆಯ ಸೆರಗು ನನಗೆ ಸಿಕ್ಕಿಕೊಂಡಿತು. ಇದ್ದಬದ್ದ ಗಂಟುಗಳನ್ನೆಲ್ಲ ಬಿಗಿದು ಹಿಡಿದೆ. ಜಲಜ ನಿಂತಿತು. ಎಳೆದಿದ್ದರೆ ನಾನು ಹರಿಯುತ್ತಿದ್ದೆ, ಅಷ್ಟು ಹಳಬನಾಗಿದ್ದೆ. ಮಗು ಎಳೆಯಲಿಲ್ಲ. ಅಪ್ಪನ ಬಲೆ ಎಂದು ಬುಟ್ಟಿ ಕೆಳಗಿಟ್ಟು, ನನ್ನ ಒಂದು ನೂಲೂ ನೋಯದಂತೆ ಮೆಲ್ಲಗೆ ಸೆರಗು ಬಿಡಿಸಿಕೊಂಡಿತು. ಆಮೇಲೆ ಬುಟ್ಟಿಯನ್ನು ತಲೆಗೇರಿಸಿ ನಡೆಯಿತು.

ಅಕ್ಕಣಿಯ ಜ್ವರ ಬಿಟ್ಟಿತು, ಮೈಯ ಬಲ ಮರಳಲಿಲ್ಲ. ಎಷ್ಟೋ ಮಳೆಗಾಲ ಹೋದವು. ಜಲಜಳ ನಾಲ್ಕು ದಿನ ಇನ್ನೂ ಮುಗಿದಿಲ್ಲ.