ಬರಿದು ಚೊಂಬು

ಹುಣಸೂರಿನಿಂದ ಪಿರಿಯಾಪಟ್ಟಣಕ್ಕೆ ಹೋಗುವ ದಾರಿಯಲ್ಲಿ, ಮಲ್ಲೇಶನ ಹೊಲದಂಚಿಗೆ, ಹೊಗೆಸೊಪ್ಪು ಬೇಯಿಸುವ ಬ್ಯಾರನ್ ಒಂದಿದೆ. ಸುಗ್ಗಿಯಲ್ಲಿ ಅದರ ಬಾಗಿಲು ತೆಗೆದರೆ ಮುಖ ಸುಟ್ಟುಹೋಗುವಷ್ಟು ಕಾವು. ಸೊಪ್ಪಿಲ್ಲದ ತಿಂಗಳುಗಳಲ್ಲೋ, ಅಷ್ಟು ತಂಪಾದ, ಅಷ್ಟು ಎತ್ತರದ, ಅಷ್ಟು ಗಂಭೀರವಾದ ಜಾಗ ಆ ಸೀಮೆಯಲ್ಲೇ ಇನ್ನೊಂದಿಲ್ಲ. ತಲೆಯ ಮೇಲೆ ಸಾಲುಸಾಲಾಗಿ ಬಿದಿರು, ಅದಕ್ಕೂ ಮೇಲೆ ಒಂದು ಗವಾಕ್ಷಿ, ಅದರಿಂದ ಇಳಿಯುವ ಒಂದೇ ಒಂದು ಬಿಸಿಲ ಕೋಲು. ಒಳಗೆ ಬಂದವರು ಯಾರೂ ಹೇಳದೆಯೇ ದನಿ ತಗ್ಗಿಸುತ್ತಾರೆ.

ಅಲ್ಲಿ ಭಾನುವಾರ ಮಧ್ಯಾಹ್ನ ನಾಲ್ಕು ಜನ ಚಾಪೆ ಹಾಸಿ ಆಟಕ್ಕೆ ಕೂರುತ್ತಿದ್ದರು. ಇಸ್ಪೀಟು ಎಂದುಕೊಂಡು ಮೂಗು ಮುರಿಯಬೇಡಿ, ಊರಿನವರು ಆ ಕೆಲಸವನ್ನು ಆಗಲೇ ಮಾಡಿ ಮುಗಿಸಿದ್ದಾರೆ. ಇದು ಮಾತಿನಲ್ಲೇ ಕಟ್ಟುವ ಆಟ. ಒಬ್ಬ ಒಂದು ಲೋಕವನ್ನೇ ಕಣ್ಣಿಗೆ ಕಟ್ಟುವಂತೆ ಹೇಳುತ್ತಾನೆ. ಉಳಿದವರು ಆ ಲೋಕದೊಳಗೆ ಒಬ್ಬೊಬ್ಬರಾಗಿ ಹೊಕ್ಕು, ನಾನು ಹೀಗೆ ಮಾಡಿದೆ, ಹಾಗೆ ಅಂದೆ ಎನ್ನುತ್ತಾರೆ. ಮಾಡಿದ್ದು ಕೈಗೂಡಿತೋ ಕೈಕೊಟ್ಟಿತೋ ಎಂಬುದನ್ನು ಇಪ್ಪತ್ತು ಮುಖದ ದಾಳ ಹೇಳುತ್ತದೆ. ಲೋಕ ಕಟ್ಟುವವನು ಶಿವಶಂಕರ್, ಮಿರ್ಲೆಯವನು, ಹೈಸ್ಕೂಲ್ ಮೇಷ್ಟ್ರು. ಮಲ್ಲೇಶ ಕತ್ತಿ ಹಿಡಿದ ಭೈರ. ಹಂಪಾಪುರದಿಂದ ಬಸ್ಸಿಗೆ ಬರುವ ಪೂಜಾ ಗಿಡಮೂಲಿಕೆ ಬಲ್ಲ ವೈದ್ಯೆ. ದಾಳವನ್ನು ಬೀಟೆ ಮರದ ಚೂರಿನಿಂದ ಕಡೆದುಕೊಟ್ಟವರು ಹುಣಸೂರಿನ ಬಡಗಿ ಹಬೀಬ್. ಅವರ ಮಗಳು ಫಿರ್ದೋಸ್ ಆ ಲೋಕದಲ್ಲಿ ಹೊನ್ನಿ.

ಹೊನ್ನಿಯ ವಿಷಯ ಸ್ವಲ್ಪ ಬಿಡಿಸಿ ಹೇಳಬೇಕು. ಫಿರ್ದೋಸ್‌ಗೆ ಮಾತು ತಡೆಯುತ್ತಿತ್ತು. ಪೇಟೆಯಲ್ಲಿ ಅವಳದೇ ಟೈಲರಿಂಗ್ ಅಂಗಡಿ, ಕೈ ಕೆಲಸಕ್ಕೆ ಎರಡು ಮಾತಿಲ್ಲ, ಆದರೆ "ತೋಳು" ಎನ್ನಲು ಹೊರಟರೆ "ತೋ... ತೋ..." ಎನ್ನುವಷ್ಟರಲ್ಲೇ ಗಿರಾಕಿ "ತೋಳು ಗಿಡ್ಡ ಮಾಡ್ಬೇಕಾ?" ಎಂದು ಮುಗಿಸಿಬಿಡುತ್ತಿದ್ದರು. ಪ್ರೀತಿಯಿಂದಲೇ ಮುಗಿಸುತ್ತಿದ್ದರು ಅನ್ನಿ. ಹೀಗೆ ಪ್ರೀತಿಯಿಂದ ಬಾಯಿಯ ಮಾತು ಕಸಿದುಕೊಳ್ಳುವವರ ಮಧ್ಯೆ ಬೆಳೆದವಳು ಅರ್ಧ ವಾಕ್ಯಕ್ಕಿಂತ ಹೆಚ್ಚು ಆಡುವುದನ್ನೇ ಬಿಟ್ಟಿದ್ದಳು. ಆದರೆ ಹೊನ್ನಿಯಾದ ಕೂಡಲೇ ನಾಲಿಗೆಯ ಗಂಟು ಬಿಚ್ಚಿಕೊಳ್ಳುತ್ತಿತ್ತು. ಹೊನ್ನಿ ಬೈಯುತ್ತಿದ್ದಳು, ಚೌಕಾಸಿ ಮಾಡುತ್ತಿದ್ದಳು, ಹಾಡುತ್ತಿದ್ದಳು, ಎಲ್ಲೂ ಒಂದಕ್ಷರ ತೊಡರದೆ. ಯಾಕೆ ಹೀಗೆ ಎಂದು ಆ ಮೂವರಲ್ಲಿ ಯಾರೂ ಕೇಳಲಿಲ್ಲ. ಕೇಳಿದ್ದರೆ ಅದು ನಿಂತುಹೋಗುತ್ತಿತ್ತೇನೋ.

ಈಗ ಆ ಹೊನ್ನಿ ಸಾಯುವುದರಲ್ಲಿದ್ದಳು.

ಕೊಲ್ಲಲು ಬರುತ್ತಿದ್ದವನು ಬೂದಿಯೊಡೆಯ. ಯಾವ ಕಾಲದಲ್ಲೋ ಸತ್ತರೂ ಸಾಯದ ಮಾಂತ್ರಿಕ, ಕಣ್ಣಿನ ಗುಂಡಿಯಲ್ಲಿ ಕೆಂಡ, ಮೈತುಂಬ ಬೂದಿ. ಭೈರನ ಕತ್ತಿಗೆ ಅವನು ಆಗಲೇ ಹಲವು ಸಲ ಬಿದ್ದಿದ್ದ, ಪ್ರತಿ ಸಲವೂ ಬಿದ್ದ ಬೂದಿಯಿಂದಲೇ ಎದ್ದು ಬಂದಿದ್ದ. ಏಕೆಂದರೆ ಅವನ ಪ್ರಾಣ ಮೈಯೊಳಗಿಲ್ಲ, ಎಲ್ಲೋ ಒಂದು ವಸ್ತುವಿನೊಳಗಿದೆ. ಅದು ಸಿಗುವವರೆಗೆ ಅವನನ್ನು ಕೊಲ್ಲುವುದೆಂದರೆ ನೆರಳನ್ನು ಗುಡಿಸಿದ ಹಾಗೆ. ಸಿಂಹಾಸನ ಕಿತ್ತು ನೋಡಿದರು, ಕಿರೀಟ ಕರಗಿಸಿದರು. ಅಜ್ಜಿಕಥೆ ಕೇಳಿ ಬೆಳೆದ ಮಲ್ಲೇಶನಂತೂ ಪ್ರಾಣ ಇರುವುದು ಗಿಳಿಯಲ್ಲೇ ಎಂದು ಹಟ ಹಿಡಿದು, ಆ ಲೋಕದಲ್ಲಿ ಗಿಳಿಯ ಸಂತತಿಯನ್ನೇ ಅಳಿಸುತ್ತ ಬಂದಿದ್ದ. ಕಳೆದ ವಾರದ ಕಾಳಗದಲ್ಲಿ ಹೊನ್ನಿಗೆ ಬಿದ್ದ ಪೆಟ್ಟು ಎಂಥದೆಂದರೆ ಇನ್ನೊಂದು ಉಸಿರಷ್ಟೇ ಬಾಕಿ.

ಸತ್ತವರಿಗೆ ಆ ಚಾಪೆಯ ಮೇಲೆ ಒಂದು ಕಟ್ಟಳೆಯಿತ್ತು. ಸತ್ತವರ ಹೆಸರು, ಬಲ, ಗುಣ ಬರೆದ ಕಾಗದವನ್ನು ಬ್ಯಾರನ್ನಿನ ಒಲೆಯ ಬಾಯಿಗೆ ಇಟ್ಟುಬಿಡುವುದು. ಸುಗ್ಗಿಯ ಮೊದಲ ಬೆಂಕಿಗೆ ಅದು ಹೋಗಬೇಕು. ಮತ್ತೆ ಅದೇ ಹೆಸರಿನಲ್ಲಿ ಯಾರೂ ಆಡುವಂತಿಲ್ಲ. ಆ ಭಾನುವಾರವೇ ಸುಗ್ಗಿಗೆ ಮುಂಚಿನ ಕೊನೆಯ ಆಟ, ಒಲೆಯ ಪಕ್ಕ ಸೌದೆ ಆಗಲೇ ಒಟ್ಟಿತ್ತು. ಫಿರ್ದೋಸ್ ಅತ್ತ ನೋಡಬಾರದೆಂದು ಬೆನ್ನು ಹಾಕಿ ಕೂತಳು. ಹೊನ್ನಿ ಹೋದರೆ ತಾನು ಇಡೀ ವಾಕ್ಯ ಆಡುವ ಜಾಗ ಈ ಭೂಮಿಯ ಮೇಲೆ ಇನ್ನೆಲ್ಲೂ ಇಲ್ಲವೆಂದು ಅವಳಿಗೆ ಗೊತ್ತಿತ್ತು, ಗೊತ್ತಿದ್ದೇ ಹೆದರಿದ್ದಳು.

"ಕೋಟೆಯಿಂದ ಓಡಿ ಬಂದು ಹೊಳೆ ಕಡವು ತಲುಪಿದ್ದೀರಿ," ಎಂದ ಶಿವಶಂಕರ್. "ಹಿಂದೆ ಆಕಾಶ ಬೂದಿ ಬಣ್ಣಕ್ಕೆ ತಿರುಗ್ತಾ ಇದೆ. ಬೂದಿಯೊಡೆಯ ಬತ್ತಾವ್ನೆ. ಕಡವಿನ ಅಜ್ಜಿ ಎಂದಿನಂಗೆ ಗುಡಿಸಲ ಮುಂದೆ ಕುಂತವ್ಳೆ. ಕಂಚಿನ ಚೊಂಬಲ್ಲಿ ಮಜ್ಜಿಗೆ ಕೊಟ್ಲು."

ಈ ಅಜ್ಜಿ ಮೊದಲ ದಿನದಿಂದಲೂ ಇದ್ದವಳು. ಕೋಟೆಗೆ ಹೋಗುವಾಗಲೂ ಬರುವಾಗಲೂ ದಾರಿಯವರಿಗೆ ಮಜ್ಜಿಗೆ ಕೊಡುವುದಷ್ಟೇ ಅವಳ ಕೆಲಸ.

"ಕುಡುದ್ವಿ," ಎಂದ ಮಲ್ಲೇಶ. "ಮುಂದಕ್ಕೆ ಯೋಳು ಮೇಷ್ಟ್ರೇ."

"ಚೊಂಬು ಹಂಗೇ ಕೊಡ್ತೀರಾ?"

"ಹಂಗೆಂಗ್ ಕೊಟ್ಟಾರು? ಒಂದ್ ಅಚ್ಚು ಬೆಲ್ಲ ಹಾಕ್ದೆ."

"ನಾನು ನಾಕು ಎಲೆ ತುಳಸಿ," ಎಂದಳು ಪೂಜಾ.

ಅಷ್ಟರಲ್ಲಿ ಬಾಗಿಲಲ್ಲಿ ಬೆಳಕು ಅಡ್ಡವಾಯಿತು. ಮಲ್ಲೇಶನ ತಾಯಿ ಸುನಂದಮ್ಮ. ಬೆಳಿಗ್ಗೆ ಫಿರ್ದೋಸಳ ತಾಯಿ ಆಮಿನಾಬಿ ಶಾವಿಗೆ ಪಾಯಸ ಕಳಿಸಿದ್ದ ಸ್ಟೀಲ್ ಡಬ್ಬಿಯನ್ನು ತೊಳೆದು ತಂದಿದ್ದರು. ಮುಚ್ಚಳ ಹಾಕಲಾಗದಷ್ಟು ಎಳೆ ಹೀರೇಕಾಯಿ ಅದರಲ್ಲಿ ತುರುಕಿತ್ತು.

"ಇ... ಇಷ್ಟೊಂದು..." ಎಂದಳು ಫಿರ್ದೋಸ್.

"ಇಷ್ಟೊಂದ್ ಯಾಕೆ ಅಂತೀಯಾ? ಬರೀ ಡಬ್ಬಿ ಎಂಗವ್ವಾ ಕೊಟ್ ಕಳ್ಸಾದು, ನಿಮ್ಮವ್ವ ಏನಂದ್ಕಂಡಾರು! ಹುಟ್ಟಿದಾಗಿಂದ ಒಬ್ಬರ ಮನೆ ಪಾತ್ರೆ ಬರಿದು ಕೊಟ್ಟವ್ಳಲ್ಲ ನಾನು," ಎಂದು ಸುನಂದಮ್ಮ ಡಬ್ಬಿಯನ್ನು ಚಾಪೆಯ ಮೇಲಿಟ್ಟು ಹೋದರು.

ಫಿರ್ದೋಸ್ ಆ ಡಬ್ಬಿಯನ್ನೇ ನೋಡುತ್ತ ಕೂತಳು.

ಚೊಂಬು ಹಂಗೇ ಕೊಡ್ತೀರಾ? ಈ ಪ್ರಶ್ನೆಯನ್ನು ಶಿವಶಂಕರ್ ಇಂದು ಮಾತ್ರ ಕೇಳಿದ್ದಲ್ಲ. ಮೊದಲ ಸಲ ಬಿಟ್ಟರೆ ಕಡವಿಗೆ ಬಂದಾಗಲೆಲ್ಲ ಕೇಳಿದ್ದ. ಬೇರೆ ಯಾವ ಹಳ್ಳಿಯಲ್ಲಿ ಯಾರು ಏನೇ ಕೊಟ್ಟರೂ ಕೇಳದವನು ಇಲ್ಲಿ ಮಾತ್ರ, ಒಂದು ಸಲವೂ ಮರೆಯದೆ, ಬಾಯಿ ಬಿಟ್ಟು ಕೇಳಿದ್ದ. ಅವರೂ ಒಂದು ಸಲವೂ ಮರೆಯದೆ ಏನಾದರೊಂದು ಹಾಕಿ ಕೊಟ್ಟಿದ್ದರು, ಅದು ಪ್ರಶ್ನೆಯೆಂದೇ ಅನ್ನಿಸದೆ. ಬೇಲಿಯ ಮೇಲಿನಿಂದ ಬಂದ ಬಟ್ಟಲನ್ನು ಬರಿದಾಗಿ ವಾಪಸು ಮಾಡುವ ಮನೆ ಈ ನಾಡಿನಲ್ಲಿ ಯಾವುದಿದೆ? ಹಿಂದಿನಿಂದ ಕೊಲೆಗಾರ ಅಟ್ಟಿಸಿಕೊಂಡು ಬರುತ್ತಿದ್ದರೂ ಒಂದು ಚೂರು ಬೆಲ್ಲ ಹುಡುಕುವ ಜನ ಇವರು! ಇಂಥವರಿಗೆ ಎಂದೂ ಬರಿದಾಗದ ಜಾಗ ಯಾವುದೆಂದು ಯೋಚಿಸಿ, ಅಲ್ಲಿಗೇ ಒಯ್ದು ಬೂದಿಯೊಡೆಯನ ಪ್ರಾಣವನ್ನು ಅಡಗಿಸಿಟ್ಟಿದ್ದಾನಲ್ಲ ಈ ಶಿವಶಂಕರ್ ಮಹಾರಾಯ, ಚೊಂಬು ಬರಿದಾದರೆ ಪ್ರಾಣವೂ ಹೋಗುವಂತೆ. ಅದೂ ಚೊಂಬನ್ನು ಕೈಗೇ ಕೊಟ್ಟು, ಹಂಗೇ ಕೊಡ್ತೀರಾ ಎಂದು ಕೇಳಿ!

"ಚೊ... ಚೊ..."

"ಚೊಂಬು ಕೊಟ್ಟಾಯ್ತಲ್ಲ ಕಣೇ," ಎಂದ ಮಲ್ಲೇಶ.

ಫಿರ್ದೋಸ್ ಕಣ್ಣು ಮುಚ್ಚಿ ಹೊನ್ನಿಯಾದಳು. "ಅಜ್ಜಿ, ಆ ಚೊಂಬು ವಾಪಸ್ ಕೊಡು. ನಾವು ಹಾಕಿದ್ದನ್ನೆಲ್ಲ ತಗೊಂಡು ಬರಿದು ಮಾಡಿ ಕೊಡ್ತೀನಿ."

ಶಿವಶಂಕರ್ ಬಾಯಿಗೆತ್ತಿದ್ದ ಚಹಾ ಲೋಟವನ್ನು ಕುಡಿಯದೆ ಕೆಳಗಿಟ್ಟ. ಹತ್ತಿರ ಕೂತಿದ್ದ ಪೂಜಾ ಅದನ್ನು ಕಂಡು, ಅರ್ಥವಾಗದೆಯೇ ಎದ್ದು ಮೊಣಕಾಲ ಮೇಲೆ ಕೂತಳು. ಮಲ್ಲೇಶ ದಾಳಕ್ಕೆ ಕೈ ಹಾಕಿದ.

"ದಾಳ ಬೇಡ," ಎಂದ ಶಿವಶಂಕರ್. ಆಮೇಲೆ ಅವನು ಆಡಿದ ಮಾತು ಪಿಸುಮಾತಿಗಿಂತ ತುಸು ದೊಡ್ಡದು, ಆದರೆ ಅಷ್ಟೆತ್ತರದ ಬ್ಯಾರನ್ನು ಅದರಿಂದ ತುಂಬಿಹೋಯಿತು. "ನೀನು ಚೊಂಬು ಬೋರಲು ಹಾಕ್ದೆ. ಬೆಲ್ಲ ಬಿತ್ತು, ತುಳಸಿ ಬಿತ್ತು. ಇನ್ನೂ ಬೀಳ್ತಾನೇ ಇದೆ. ಯಾರೋ ಸೈನಿಕ ಹಾಕಿದ್ದ ಹಿಡಿ ಹುರಿಗಡಲೆ. ಯಾವಳೋ ಬಸುರಿ ಹಾಕಿದ್ದ ಬಳೆ. ದೊರೆಯ ಉಂಗುರ, ತಿರುಕನ ಅಕ್ಕಿಕಾಳು. ಈ ದಾರೀಲಿ ಹೋದೋರೆಲ್ಲ ಹಾಕಿದ್ದು. ನೂರಾರು ವರ್ಷದ್ದು. ಮೊಣಕಾಲುದ್ದ ರಾಶಿ ಆಯ್ತು, ಸೊಂಟದುದ್ದ ಆಯ್ತು."

ಚಾಪೆಯ ಮೇಲೆ ಒಂದು ದಾಳ, ನಾಲ್ಕು ಚಹಾ ಲೋಟ, ಆಟದ ಕಾಗದ, ಹೀರೇಕಾಯಿಯ ಡಬ್ಬಿ ಬಿಟ್ಟರೆ ಏನೂ ಇರಲಿಲ್ಲ, ಆದರೂ ಮಲ್ಲೇಶ ಕಾಲನ್ನು ಹಿಂದಕ್ಕೆಳೆದುಕೊಂಡ, ರಾಶಿಗೆ ಜಾಗ ಬಿಡುವವನ ಹಾಗೆ.

"ಬರಿದಾಯ್ತಾ?" ಎಂದಳು ಪೂಜಾ.

"ಇಲ್ಲ. ಒಂದು ಉಳಿದಿದೆ. ಕಿವಿ ಇಟ್ರೆ ಕೇಳುತ್ತೆ. ಒಳಗೆ ಯಾರೋ ಹಾಡ್ತಾ ಅವ್ಳೆ."

ಫಿರ್ದೋಸ್‌ಗೆ ನೆನಪಾಯಿತು. ಮೊದಲ ದಿನ. ಹೊನ್ನಿ ಗತಿಯಿಲ್ಲದ ಹುಡುಗಿಯಾಗಿ ಆ ಲೋಕಕ್ಕೆ ಕಾಲಿಟ್ಟ ದಿನ. ಮಜ್ಜಿಗೆ ಕುಡಿದು, ಚೊಂಬಿಗೆ ಹಾಕಲು ಕೈಯಲ್ಲಿ ಏನೂ ಇಲ್ಲದೆ ನಾಚಿಕೆಯಾಗಿ, "ನನ್ನ ಹತ್ರ ದನಿ ಒಂದೇ ಇರೋದು ಅಜ್ಜಿ, ಅದನ್ನೇ ಹಾಕ್ತೀನಿ" ಎಂದು ಚೊಂಬಿನೊಳಕ್ಕೆ ಒಂದು ಜೋಗುಳ ಹಾಡಿದ್ದಳು. ಫಿರ್ದೋಸ್ ತನ್ನ ಜನ್ಮದಲ್ಲಿ ಬೇರೆಯವರ ಎದುರು ತೊಡರದೆ ಆಡಿದ ಮೊದಲ ಮಾತು ಅದು. ಇವನು ಅದನ್ನು ಅಲ್ಲೇ ಇಟ್ಟಿದ್ದನೇ? ಇಷ್ಟು ದಿನವೂ?

"ಅದನ್ನ ಸುರಿದ್ರೆ," ಎಂದ ಶಿವಶಂಕರ್, ಅವಳ ಮುಖ ನೋಡಲಾರದೆ, "ಹೊನ್ನಿಗೆ ಆ ದನಿ ಇನ್ನಿಲ್ಲ. ಹಾಕಿದವಳೇ ಸುರೀಬೇಕು. ಆಮೇಲೆ ಚೊಂಬು ಹಿಡಿದು, ಏನು ಕೊಡ್ತಾ ಇದೀನಿ ಅಂತ ಅಜ್ಜಿಗೆ ಹೇಳಿ ಕೊಡ್ಬೇಕು. ಯಾವಾಗ್ಲೂ ಹಂಗೇ ತಾನೆ ಕೊಟ್ಟಿರೋದು."

"ದನಿ ಇಲ್ದೆ ಹೆಂಗ್ಲಾ ಯೋಳ್ತಾಳೆ?" ಮಲ್ಲೇಶ ಸಿಡಿದ. "ಬುಡು, ನಾನ್ ಯೋಳ್ತೀನಿ!"

"ಹಿಡಿದವಳೇ ಹೇಳ್ಬೇಕು ಕಣೋ. ಬೂದಿಯೊಡೆಯ ಹೊಳೆ ದಡಕ್ಕೆ ಬಂದ. ಕೈ ಎತ್ತಿದ."

ಸುರಿಯದಿದ್ದರೆ ಹೊನ್ನಿ ಸಾಯುತ್ತಾಳೆ. ಸುರಿದರೆ ಬದುಕುತ್ತಾಳೆ, ಆದರೆ ಯಾವುದಕ್ಕಾಗಿ ಫಿರ್ದೋಸ್ ಅವಳನ್ನು ಉಳಿಸಿಕೊಳ್ಳಬೇಕೆಂದಿದ್ದಳೋ ಅದೇ ಹೋಗುತ್ತದೆ. ಅವಳಿಗೆ ಶಿವಶಂಕರನ ಮೇಲೆ ಕೋಪ ಉಕ್ಕಿತು. ಅದರ ಹಿಂದೆಯೇ ಕೋಪಕ್ಕಿಂತ ದೊಡ್ಡದೊಂದು ಬಂತು. ತಾನು ನಾಚಿಕೊಂಡು ಹಾಡಿದ ನಾಲ್ಕು ಸಾಲು, ಒಂದು ಲೋಕದ ಸಾವು ಬದುಕನ್ನು ಹೊತ್ತುಕೊಂಡು, ಕತ್ತಲಲ್ಲಿ ಇಷ್ಟು ಕಾಲ ಹಾಡುತ್ತಲೇ ಇತ್ತಲ್ಲ! ಯಾರೂ ಅದನ್ನು ಮಧ್ಯದಲ್ಲಿ ಕಸಿದುಕೊಂಡಿರಲಿಲ್ಲ. ಯಾರೂ ಮುಗಿಸಿರಲಿಲ್ಲ.

ಅವಳು ಎರಡೂ ಕೈಯಲ್ಲಿ ಇಲ್ಲದ ಚೊಂಬನ್ನು ಹಿಡಿದು ಬೋರಲು ಹಾಕಿದಳು. ಆಮೇಲೆ ಮುಂದಕ್ಕೆ ಚಾಚಿದಳು. ಬಾಯಿ ತೆರೆದಳು. ಹೊನ್ನಿ ಬರಲಿಲ್ಲ.

"ತ... ತ..."

ಮಲ್ಲೇಶನ ತುಟಿ ಅಲುಗಿತು. ಪೂಜಾ ಅವನ ಮುಂಗೈಯನ್ನು ಅದುಮಿ ಹಿಡಿದಳು. ಬಿಸಿಲ ಕೋಲಿನಲ್ಲಿ ದೂಳು ತೇಲುತ್ತಿತ್ತು. ಒಬ್ಬರೂ ನೆರವಿಗೆ ಬರಲಿಲ್ಲ, ಮೂವರೂ ಕಾದರು.

"ತ... ತಗೊ ಅಜ್ಜಿ. ಬ... ಬ... ಬರಿದು ಚೊಂಬು. ಇದ್ರಲ್ಲಿ ಏ... ಏನೂ ಇಲ್ಲ."

ಶಿವಶಂಕರ್ ಅದನ್ನು ತೆಗೆದುಕೊಳ್ಳುವ ಅಜ್ಜಿಯಾಗಿ ಕೈ ಚಾಚಿದ. ಅವನ ಕಣ್ಣು ತುಂಬಿತ್ತು. "ಅಜ್ಜಿ ಚೊಂಬಿನೊಳಗೆ ನೋಡಿದ್ಲು. 'ಅವನ ಪ್ರಾಣ ಕಾಯಾಕೆ ನನ್ನನ್ನ ಇಲ್ಲಿ ಕೂರಿಸಿ ಎಷ್ಟು ಕಾಲ ಆಯ್ತೋ ಮಗಳೇ, ಒಬ್ಬರೂ ಬರಿದು ಕೊಡ್ಲಿಲ್ಲ. ಎಲ್ಲಾ ಒಳ್ಳೆಯವರೇ ಬಂದ್ರು,' ಅಂದ್ಲು. ನಗ್ತಾ ಅಂದ್ಲು. ದಡದಲ್ಲಿ ಬೂದಿಯೊಡೆಯ ಎತ್ತಿದ ಕೈ ಹಂಗೇ ನಿಂತಿದೆ. ಬೆರಳು ಉದುರ್ತು. ತೋಳು ಉದುರ್ತು. ಗಾಳಿ ಬಂತು. ಅಷ್ಟೇ. ದಡದಲ್ಲಿ ಬರೀ ಮರಳು."

ಮಲ್ಲೇಶ, ಗಿಳಿಗಳ ಕಾಲಯಮ, ಅಂಗಿಯ ತೋಳಿನಿಂದ ಮೂಗೊರೆಸಿಕೊಂಡ.

"ಅವನ ಪ್ರಾ... ಪ್ರಾಣ ಮೊ... ಮೊದಲೇ ಇತ್ತಾ? ಚೊಂಬಲ್ಲಿ?" ಎಂದು ಕೇಳಿದಳು ಫಿರ್ದೋಸ್.

"ಇಲ್ಲ ಕಣಮ್ಮ. ಅವತ್ತು ನೀನು ಹಾಡೋವರೆಗೂ ಅದು ಬರೀ ಚೊಂಬು. ಅವನ ಪ್ರಾಣ ಎಲ್ಲಿಡಾದು ಅಂತ ನಂಗೂ ಗೊತ್ತಿರ್ಲಿಲ್ಲ. ನೀನು ಹಾಡಿದ್ಮೇಲೆ ಬೇರೆ ಜಾಗ ಕಾಣ್ಲಿಲ್ಲ." ಅವನು ಹೊನ್ನಿಯ ಕಾಗದವನ್ನು ಅವಳ ಕಡೆಗೆ ಸರಿಸಿ, ಹಿಂಜರಿಯುತ್ತ ಕೇಳಿದ. "ಹೊನ್ನಿ ಇನ್ಮೇಲೆ ಮೂಕಿ ಅಂತ ಬರ್ಕೊಳ್ಳಾದಾ?"

ಫಿರ್ದೋಸ್ ಕಾಗದ ನೋಡಿದಳು. "ಮೂ... ಮೂಕಿ ಅಲ್ಲ," ಎಂದಳು. "ಈಗ ಮಾ... ಮಾತಾಡಿದ್ಲಲ್ಲ."

ಹೊರಗೆ ಬಂದಾಗ ಸುನಂದಮ್ಮ ಸೌದೆ ಜೋಡಿಸುತ್ತಿದ್ದರು. ಹೊನ್ನಿಯ ಕಾಗದ ಒಲೆಗೆ ಹೋಗುವುದರಲ್ಲಿದೆಯೆಂದು ವಾರದಿಂದ ಮಗನ ಬಾಯಲ್ಲಿ ಕೇಳಿ ಕೇಳಿ ಅವರಿಗೂ ಕಳವಳವಾಗಿತ್ತು. "ಏನಾಯ್ತವ್ವಾ? ನಿನ್ನ ಹೊನ್ನಿ?"

"ಹೊ... ಹೊನ್ನಿ..."

"ಹೋದ್ಲಾ? ಅಯ್ಯೋ..."

"ಸುಮ್ಕಿರವ್ವಾ," ಎಂದ ಮಲ್ಲೇಶ. "ಅವ್ಳೇ ಯೋಳ್ತಾಳೆ."

ಸುನಂದಮ್ಮ ಬಾಯಿ ಮುಚ್ಚಿ, ಕೈಯಲ್ಲಿದ್ದ ಸೌದೆಯನ್ನು ಕೆಳಗಿಟ್ಟರು. ಫಿರ್ದೋಸ್ ಹೀರೇಕಾಯಿಯ ಡಬ್ಬಿಯನ್ನು ಸೊಂಟಕ್ಕೆ ಆನಿಸಿಕೊಂಡು ಹೇಳತೊಡಗಿದಳು, ಕಡವಿನಿಂದ, ಅಜ್ಜಿಯಿಂದ, ಮೊದಲ ದಿನದ ಮಜ್ಜಿಗೆಯಿಂದ. ಪ್ರತಿ ಮಾತೂ ತೊಡರಿತು. ಹುಣಸೂರಿನ ಬಸ್ಸು ಬಂದು, ಹಾರ್ನ್ ಹಾಕಿ, ಯಾರೂ ಕೈ ತೋರದ್ದರಿಂದ ಹೊರಟುಹೋಯಿತು. ಅವಳಿನ್ನೂ ಬೂದಿಯೊಡೆಯನ ವಿಷಯಕ್ಕೇ ಬಂದಿರಲಿಲ್ಲ.