ಮುದುಕಿಯ ವೇಷ

ಇಪ್ಪತ್ತೆರಡು ವರ್ಷದಲ್ಲಿ ನಾನು ಮಾಡದ ಕೆಲಸವಿಲ್ಲ. ಧಾರಾವಾಹಿಗಳಲ್ಲಿ ಹವಾಲ್ದಾರ, ಸಿನಿಮಾದಲ್ಲಿ ನಾಯಕನಿಂದ ಒದೆ ತಿನ್ನುವವ, ಇನ್ನೊಬ್ಬರ ಬಾಯಿಗೆ ಧ್ವನಿ, ಮತ್ತೊಬ್ಬರ ಹೆಸರಿಗೆ ಸಂಭಾಷಣೆ. ಆದರೆ ರೋಣದ ಬಸ್‌ಸ್ಟ್ಯಾಂಡಿನಲ್ಲಿ ಇಳಿದರೆ ಜನಕ್ಕೆ ನೆನಪಾಗುವುದು ಒಂದೇ: ಟೀವಿಯ ಹಾಸ್ಯ ಕಾರ್ಯಕ್ರಮದಲ್ಲಿ ನಾನು ಸೀರೆ ಉಟ್ಟು ಹಾಕುವ ಮುದುಕಿಯ ವೇಷ. ಸೊಂಟಕ್ಕೆ ಕೈ, ಪ್ರತಿ ಮಾತನ್ನೂ ಎಳೆದಾಡುವ ರಾಗ, ಗಳಿಗೆಗೊಮ್ಮೆ ಎದೆ ಬಡಿತ. ನಮ್ಮ ಕಡೆ ಯಾವ ಮುದುಕಿಯೂ ಹಾಗೆ ಮಾತಾಡುವುದಿಲ್ಲ. ಬೆಂಗಳೂರಿನಲ್ಲಿ ಅದಕ್ಕೇ ಬೇಡಿಕೆ. ಮೈ ಹಣ್ಣಾಯಿತು, ಆ ಸೀರೆ ಮಾತ್ರ ನನ್ನನ್ನು ಬಿಡಲಿಲ್ಲ.

ಕಡೆಗೊಮ್ಮೆ ನನ್ನದೇ ಒಂದು ಸಿನಿಮಾ ಮಾಡಬೇಕೆಂದು ನಮ್ಮೂರು ಮೆಣಸಗಿಗೆ ಬಂದೆ. ಬೇಕಾಗಿದ್ದದ್ದು ನನ್ನ ಚಿಕ್ಕಮ್ಮ, ಚಿಗವ್ವ ದೇವವ್ವನ ಎರಡು ನಿಮಿಷದ ಮಾತು. ಮಲಪ್ರಭೆ ಊರೊಳಗೆ ನುಗ್ಗಿದ ವರ್ಷ ಅವಳ ಗಂಡ ಹನಮಪ್ಪ ಶಾಲೆಯ ಮಾಳಿಗೆಯ ಮೇಲೆ, ಜ್ವರದಲ್ಲಿ, ಅವಳ ತೊಡೆಯ ಮೇಲೆ ಸತ್ತ. ನೀರಿಳಿದ ವಾರಕ್ಕೆ ನಾನು ಬಂದಾಗ ಅವಳು ಜೋಳ ಹಸನು ಮಾಡುತ್ತ, ಧ್ವನಿ ಏರಿಸದೆ ಅದನ್ನೆಲ್ಲ ಹೇಳಿದ್ದಳು. ಆ ಧ್ವನಿ ಸಿಕ್ಕರೆ ನನ್ನ ಸಿನಿಮಾ ಆಯಿತು, ಸಿಗದಿದ್ದರೆ ಇಲ್ಲ. ಬೇರೆ ಆಸೆ ಯಾವುದೂ ನನ್ನಲ್ಲಿ ಉಳಿದಿರಲಿಲ್ಲ.

ಗಜೇಂದ್ರಗಡದ ಕಡೆ ಮದುವೆಗಳ ವಿಡಿಯೊ ತೆಗೆಯುವ ಇಮ್ರಾನ ಕ್ಯಾಮೆರಾ ಇಟ್ಟ. ಚಿಗವ್ವ ಹೊಸ ಸೀರೆ ಉಟ್ಟು ಬಂದಳು, ಸೊಂಟಕ್ಕೆ ಕೈಯಿಟ್ಟಳು, ಶುರು ಮಾಡಿದಳು. ನನ್ನದೇ ರಾಗ. ಗಂಡನ ಜ್ವರ ಹೇಳುವಾಗ ನನ್ನದೇ ಎದೆ ಬಡಿತ. ಕಟ್ಟೆಯ ಮೇಲೆ ಕುಳಿತವರು ನಕ್ಕರು. ಇಮ್ರಾನನೂ ನಕ್ಕ. ಅಷ್ಟು ನಾಚಿಕೆ ನನಗೆ ಯಾವ ವೇಷದಲ್ಲೂ ಆಗಿರಲಿಲ್ಲ.

“ಚಿಗವ್ವ, ಟೀವಿಯೊಳಗಿಂದು ಬ್ಯಾಡ. ಅವತ್ತ ನನಗ ಹೇಳಿದ್ಯಲ್ಲ, ಹಂಗ ಹೇಳು,” ಎಂದೆ.

ಅವಳು ಯೋಚಿಸಿದಳು. ಬಾಯಿ ತೆರೆದರೆ ಮತ್ತೆ ಅದೇ ರಾಗ ಬಂತು. ಮೂರನೆಯ ಸಲ ತಾನೇ ನಿಲ್ಲಿಸಿದಳು.

“ಹ್ಯಾಂಗ ಹೇಳಿದ್ನೋ ಮರತೇನಪಾ. ಮೊದಲ ನಾ ಹೇಳಾಕ ಹತ್ತಿದ್ರ ಮಂದಿ ನಡುವ ಎದ್ದು ಹೋಗತಿದ್ರು. ನಿಂದು ನೋಡಿ ಕಲತೆ. ಹಿಂಗ ಹೇಳಿದ್ರ ಕಡೀತನಕ ಕುಂತು ಕೇಳತಾರ.”

“ಇನ್ನೊಮ್ಮೆ ತಗೋಳೂಣೇನ್ರಿ?” ಎಂದು ಇಮ್ರಾನ ಕೇಳಿದ. ಸಾಕೆಂದೆ.

ಚಿಗವ್ವ ನನ್ನ ಮುಖ ನೋಡಿದಳು. “ಚಲೋ ಬರಲಿಲ್ಲೇನ?”

“ಭಾಳ ಚಲೋ ಬಂತು,” ಎಂದೆ.