ಅಪ್ಪನ ಮೊದಲ ಕಾಜಾ

ಅಪ್ಪನ ಕೋಟಿನ ಮೇಲಿನ ಹಳದಿ ನಕ್ಷತ್ರ ಒಂದು ಕಡೆಗೆ ವಾಲಿತ್ತು. ಯಹೂದಿಗಳೆಲ್ಲ ಅದನ್ನು ಹೊಲಿದುಕೊಳ್ಳಬೇಕೆಂದು ನಾಜಿಗಳ ಆಜ್ಞೆಯಾದಾಗ ಅಮ್ಮ ತೀರಿಕೊಂಡು ತಿಂಗಳಾಗಿರಲಿಲ್ಲ. ಅಪ್ಪ ತಾನೇ ಹೊಲಿದುಕೊಂಡಿದ್ದ. ನಾನು ಬಿಚ್ಚಿ ಸರಿಮಾಡಲು ಹೋದರೆ, "ಚೆಂದ ಕಾಣಬೇಕಾದ ವಸ್ತುವಲ್ಲ, ಬಿಡಮ್ಮ" ಎಂದಿದ್ದ.

ಮೂವತ್ತು ವರ್ಷ ಇತಿಹಾಸ ಪಾಠ ಹೇಳಿದವನು ಅವನು. ಗೋಡೆ ಕಟ್ಟಿ ನಮ್ಮನ್ನು ಕೂಡಿಹಾಕಿದ್ದ ಆ ಘೆಟ್ಟೋದಲ್ಲಿ ಇತಿಹಾಸ ಯಾರಿಗೂ ಬೇಕಿರಲಿಲ್ಲ. ಕೆಲಸದ ಚೀಟಿಯಿದ್ದವರು ಉಳಿಯುತ್ತಿದ್ದರು. ಇಲ್ಲದವರನ್ನು ರೈಲಿಗೆ ಹತ್ತಿಸುತ್ತಿದ್ದರು. ಹಾಗೆ ಹೋದವರಿಂದ ಒಂದು ಕಾಗದವೂ ಬರುತ್ತಿರಲಿಲ್ಲ. ನಾನು ದುಡಿಯುತ್ತಿದ್ದ ಸಮವಸ್ತ್ರದ ಕಾರ್ಖಾನೆಯಲ್ಲೇ ಅಪ್ಪನ ಹೆಸರನ್ನೂ ಬರೆಸಿ ಪಕ್ಕದಲ್ಲಿ ಕೂರಿಸಿಕೊಂಡೆ. ಕೋಟಿನ ಗುಂಡಿ ತೂರಿಸುವ ಕಾಜಾಗಳಲ್ಲಿ ಅವನ ಪಾಲಿನವನ್ನೂ ನಾನೇ ಹೊಲಿಯುತ್ತಿದ್ದೆ. ಮೇಸ್ತ್ರಿ ಫೈವೆಲ್‌ನ ಹೆಜ್ಜೆ ಕೇಳಿದರೆ ಸಾಕು, ಬಟ್ಟೆಯನ್ನು ಅಪ್ಪನ ಮಡಿಲಿಗೆ ತಳ್ಳುತ್ತಿದ್ದೆ. ಫೈವೆಲ್ ನಮ್ಮವನೇ, ಯಹೂದಿ. ಆದರೂ ಅವನ ಬಾಯಿಗೆ ಹೆದರದವರಿರಲಿಲ್ಲ.

ಒಂದು ಬೆಳಿಗ್ಗೆ ನಾಜಿ ಅಧಿಕಾರಿಯೊಬ್ಬ ತಪಾಸಣೆಗೆ ಬಂದ. ಒಬ್ಬೊಬ್ಬರ ಕೈ ನೋಡುತ್ತಾ ಬಂದವನು ಅಪ್ಪನ ಎದುರು ನಿಂತು ನಕ್ಷತ್ರವನ್ನೇ ದಿಟ್ಟಿಸಿದ.

"ಇದನ್ನು ಹೊಲಿದದ್ದು ಯಾರು?"

"ನಾನೇ" ಎಂದ ಅಪ್ಪ. ಅವನಿಗೆ ಸುಳ್ಳು ಹೇಳಿ ಅಭ್ಯಾಸವಿರಲಿಲ್ಲ.

"ದರ್ಜಿಯೋ ನೀನು? ಎಲ್ಲಿ, ಒಂದು ಕಾಜಾ ಹೊಲಿ, ನೋಡೋಣ."

ಅಪ್ಪ ಸೂಜಿ ಎತ್ತಿಕೊಂಡ. ಅಷ್ಟರಲ್ಲಿ ಫೈವೆಲ್ ನುಗ್ಗಿ ಬಂದು ಅಪ್ಪನ ಕೆನ್ನೆಗೆ ಬಾರಿಸಿದ. ಕನ್ನಡಕ ನೆಲಕ್ಕೆ ಬಿತ್ತು.

"ಇಸ್ತ್ರಿ ಕೆಲಸ ಬಿಟ್ಟು ಇಲ್ಲಿ ಕೂರೋಕೆ ಹೇಳಿದ್ದು ಯಾರು ನಿಂಗೆ?" ಎಂದು ಗದರಿ, ಅಧಿಕಾರಿಯತ್ತ ಬಾಗಿದ. "ಇವನು ಇಸ್ತ್ರಿಯವನು ಸ್ವಾಮಿ. ಮಗಳ ಪಕ್ಕ ಕೂರೋಕೆ ನೆಪ ಹುಡುಕ್ತಾನೆ. ಇವನಿಲ್ಲದೆ ಇವತ್ತಿನ ಕೋಟುಗಳು ಹೊರಡಲ್ಲ."

ಅಧಿಕಾರಿ ಇಬ್ಬರನ್ನೂ ನೋಡಿದ. ಆ ಏಟು ಅವನಿಗೆ ಹಿಡಿಸಿರಬೇಕು. ಮುಂದಿನ ಸಾಲಿಗೆ ನಡೆದ.

ಅವನು ಹೋದ ಮೇಲೆ ಫೈವೆಲ್ ಕನ್ನಡಕವನ್ನೆತ್ತಿ, ಅಂಗಿಯಲ್ಲಿ ಒರೆಸಿ ತಂದುಕೊಟ್ಟ.

"ನಿಮಗೆ ಗೊತ್ತಿತ್ತೇ?" ಎಂದೆ.

"ಎರಡು ಜನರ ಕೈ ಒಂದೇ ಥರ ಓಡುತ್ತೇನಮ್ಮ? ಮೊದಲ ದಿನವೇ ಗೊತ್ತಾಯ್ತು."

ಆ ಚಳಿಗಾಲ ಮುಗಿಯುವಷ್ಟರಲ್ಲಿ ಫೈವೆಲ್‌ನನ್ನೂ ರೈಲಿಗೆ ಹತ್ತಿಸಿದರು. ಅಪ್ಪ ಜ್ವರ ಬಂದು ನನ್ನ ತೊಡೆಯ ಮೇಲೆ ಕಣ್ಣು ಮುಚ್ಚಿದ. ನಾನೊಬ್ಬಳು ಉಳಿದೆ. ಅವರಿಬ್ಬರೂ ನನಗೆ ಈಗಲೂ ಕಾಣುವುದು ತಪಾಸಣೆಯಾದ ದಿನದ ಮಧ್ಯಾಹ್ನದಲ್ಲೇ. ಅಂದು ಫೈವೆಲ್ ಅಪ್ಪನ ಪಕ್ಕ ನೆಲದ ಮೇಲೆ ಕುಳಿತು, ಕಾಜಾ ಕಲಿಸಲೆಂದು ಬಟ್ಟೆಯ ಚೂರೊಂದಕ್ಕೆ ಕತ್ತರಿ ಹಾಕಿದ.

"ದಾರ ಹೀಗೆ ಸುತ್ತಿ ಎಳೀರಿ ಮೇಷ್ಟ್ರೇ. ಅವಸರ ಬೇಡ."

ಅಪ್ಪನ ಕೆನ್ನೆಯ ಮೇಲೆ ಐದು ಬೆರಳಿನ ಗುರುತು ಇನ್ನೂ ಕೆಂಪಗಿತ್ತು. ಅವನು ಹೊಲಿದ, ತಪ್ಪಿತು. ಫೈವೆಲ್ ದಾರ ಬಿಚ್ಚಿ, ಸೂಜಿಯನ್ನು ಮತ್ತೆ ಅವನ ಕೈಗಿತ್ತ.